ಅಧಿಕಾರಿಯ ತಪ್ಪು, ಪ್ರಜೆಯ ಕೇಸು: ಕೋರ್ಟಿನಲ್ಲಿ ಗೆಲ್ಲುವ ಸೂತ್ರಗಳು

ಖಾತೆ ಮಾಡಿಕೊಡಲು ಕೈ ಬಿಸಿ ಮಾಡಿ ಎನ್ನುವ ಕೇಸ್‌ವರ್ಕರ್. ದೂರು ಬರೆದುಕೊಳ್ಳದೆ ವಾಪಸ್ ಕಳಿಸುವ ಠಾಣೆ. ಆಯ್ಕೆ ಪಟ್ಟಿಯಲ್ಲಿ ನಿಮಗಿಂತ ಕಡಿಮೆ ಅಂಕದವರ ಹೆಸರು. ಇಂಥ ಹೊತ್ತಿನಲ್ಲಿ ಮನೆಯಲ್ಲೂ ಆಫೀಸಿನಲ್ಲೂ ಕೇಳುವ ಮಾತು ಒಂದೇ: ‘ಸರ್ಕಾರದ ಎದುರು ನಮ್ಮದೇನು ನಡೆಯುತ್ತೆ?’ ಇದು ಬರೀ ಅಭ್ಯಾಸಬಲದ ಮಾತು. ಇವತ್ತೇ ಬಿಟ್ಟುಬಿಡಿ. ಕಾನೂನು ನಿಮ್ಮ ಕೈಗೆ ಕೊಟ್ಟಿರುವ ದಾರಿಗಳು ಬೇಕಾದಷ್ಟಿವೆ. ಸತ್ಯ ತಮ್ಮ ಕಡೆ ಇದ್ದೂ ಸೋಲುವವರು ಸಾಮಾನ್ಯವಾಗಿ ಕಾಗದ ಇಟ್ಟುಕೊಂಡಿರುವುದಿಲ್ಲ, ಇಲ್ಲವೇ ಗಡುವು ದಾಟಿಸಿರುತ್ತಾರೆ. ಎರಡೂ ಸರಿಪಡಿಸಬಹುದಾದ ದೋಷಗಳೇ.

1. ಬೇಕಾದ್ದೇನು? ಒಂದೇ ಸಾಲಿನಲ್ಲಿ ಬರೆಯಿರಿ

ಕೆಲಸ ಆಗಬೇಕೇ? ತಪ್ಪಿತಸ್ಥರಿಗೆ ಶಿಕ್ಷೆ ಆಗಬೇಕೇ? ನಷ್ಟಕ್ಕೆ ಪರಿಹಾರ ಬೇಕೇ? ಒಂದೊಂದಕ್ಕೂ ಬೇರೆ ದಾರಿ. ಕೆಲಸ ಆಗಬೇಕಾದರೆ ಹೈಕೋರ್ಟಿನಲ್ಲಿ ರಿಟ್ ಹಾಕಿ. ಶಿಕ್ಷೆ ಆಗಬೇಕಾದರೆ ಪೊಲೀಸ್, ಮ್ಯಾಜಿಸ್ಟ್ರೇಟ್ ಅಥವಾ ಲೋಕಾಯುಕ್ತದ ಬಳಿ ಹೋಗಿ. ಪರಿಹಾರಕ್ಕೆ ಸಿವಿಲ್ ದಾವೆ ಹೂಡಿ. ಮೂಲಭೂತ ಹಕ್ಕಿಗೇ ಧಕ್ಕೆ ಬಂದಿದ್ದರೆ ಪರಿಹಾರವನ್ನೂ ಹೈಕೋರ್ಟಿನಲ್ಲೇ ಕೇಳಿ. ಎಲ್ಲವನ್ನೂ ಒಂದೇ ಅರ್ಜಿಯಲ್ಲಿ ಕಲಸಬೇಡಿ. ರಿಟ್ ಕೇಳುವ ನ್ಯಾಯಮೂರ್ತಿ ಲಂಚಕೋರನಿಗೆ ಜೈಲು ಶಿಕ್ಷೆ ಬರೆಯುವುದಿಲ್ಲ. ನಿಮ್ಮ ಖಾತೆ ಮಾಡಿಕೊಡಿ ಎಂದು ಮ್ಯಾಜಿಸ್ಟ್ರೇಟ್ ತಹಶೀಲ್ದಾರರಿಗೆ ಹೇಳಲಾರರು.

2. ಬಾಯಿಮಾತು ನಿಲ್ಲಿಸಿ, ಸೀಲು ಹಾಕಿಸಿ

ಅರ್ಜಿಯನ್ನು ಯಾವಾಗಲೂ ಎರಡು ಪ್ರತಿ ಒಯ್ಯಿರಿ. ಒಂದನ್ನು ಟಪಾಲು ವಿಭಾಗಕ್ಕೆ ಕೊಡಿ. ಇನ್ನೊಂದರ ಮೇಲೆ ಕಚೇರಿಯ ಸೀಲು, ತಾರೀಖು, ಸಹಿ ಮತ್ತು ಇನ್‌ವರ್ಡ್ ನಂಬರ್ ಹಾಕಿಸಿಕೊಳ್ಳಿ. ‘ಸಾಹೇಬ್ರು ಮೀಟಿಂಗಲ್ಲಿದ್ದಾರೆ, ಇಟ್ಟು ಹೋಗಿ’ ಎಂದರೆ ಇಟ್ಟು ಬರಬೇಡಿ. ತೆಗೆದುಕೊಳ್ಳಲು ಒಪ್ಪದಿದ್ದರೆ ಅದೇ ದಿನ ಸ್ಪೀಡ್ ಪೋಸ್ಟ್ ಮಾಡಿ, ತಲುಪಿದ ಟ್ರ್ಯಾಕಿಂಗ್ ವಿವರವನ್ನು ಪ್ರಿಂಟ್ ತೆಗೆದು ನಿಮ್ಮ ಪ್ರತಿಗೆ ಪಿನ್ ಮಾಡಿಡಿ.

ಆಗುವುದಿಲ್ಲ ಎಂದು ಯಾರಾದರೂ ಹೇಳಿದರೆ ಜಗಳ ಆಡಬೇಡಿ. ‘ಹಿಂಬರಹ ಕೊಡಿ ಸಾರ್’ ಅನ್ನಿ. ಅಷ್ಟೇ ಸಾಕು. ಲಿಖಿತವಾಗಿ ನಿರಾಕರಿಸಿದ ಆ ಒಂದು ಹಾಳೆಯೇ ನಾಳೆ ನಿಮ್ಮ ರಿಟ್ ಅರ್ಜಿಯ ಮುಖ್ಯ ಅನೆಕ್ಷರ್. ಮ್ಯಾಂಡಮಸ್ (ಕೆಲಸ ಮಾಡಿ ಎಂದು ಅಧಿಕಾರಿಗೆ ಆದೇಶಿಸುವ ರಿಟ್) ಕೇಳಿ ಹೋದವರಿಗೆ ಕೋರ್ಟ್ ಮೊದಲು ಕೇಳುವುದೇ ಇದನ್ನು: ನೀವು ಅವರಲ್ಲಿ ಕೇಳಿದಿರಾ, ಅವರು ಇಲ್ಲ ಅಂದರಾ?

ಕಚೇರಿಗೆ ಹೋಗಿ ಬಂದ ದಿನ ರಾತ್ರಿಯೇ ನೋಟ್‌ಬುಕ್‌ನಲ್ಲಿ ಬರೆದಿಡಿ. ಎಷ್ಟು ಹೊತ್ತಿಗೆ ಹೋದಿರಿ, ಯಾವ ಕೌಂಟರ್, ಮೇಜಿನ ಮೇಲಿನ ನಾಮಫಲಕದಲ್ಲಿ ಯಾವ ಹೆಸರಿತ್ತು, ಜೊತೆಗೆ ಯಾರಿದ್ದರು. ಎರಡು ವರ್ಷದ ಮೇಲೆ ಪಾಟೀಸವಾಲಿನಲ್ಲಿ ನಿಂತಾಗ ಬರಿಯ ನೆನಪು ಕೈಕೊಡುತ್ತದೆ.

3. ಕೋರ್ಟಿಗೆ ಮುಂಚೆ ಆರ್‌ಟಿಐ ಹಾಕಿ

ಮಾಹಿತಿ ಹಕ್ಕು ಕಾಯ್ದೆ 2005ರಿಂದ ನಿಮ್ಮ ಕೈಯಲ್ಲಿದೆ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ಪ್ರಾಣ ಮತ್ತು ಸ್ವಾತಂತ್ರ್ಯದ ಪ್ರಶ್ನೆ ಇದ್ದರೆ 48 ಗಂಟೆ. ಕರ್ನಾಟಕದ ನಿಯಮದಂತೆ ಒಂದು ಅರ್ಜಿಗೆ ಒಂದೇ ವಿಷಯ, 150 ಪದದೊಳಗೆ. ‘ಏಕೆ ಮಾಡಲಿಲ್ಲ’ ಎಂದು ಕೇಳಬೇಡಿ. ವಾದಕ್ಕೆ ಆರ್‌ಟಿಐ ಉತ್ತರ ಕೊಡುವುದಿಲ್ಲ. ಹೀಗೆ ಕೇಳಿ: ‘ಈ ತಾರೀಖಿನ ನನ್ನ ಅರ್ಜಿಯ ಕಡತದ ಟಿಪ್ಪಣಿ ಹಾಳೆಗಳ ದೃಢೀಕೃತ ಪ್ರತಿ ಕೊಡಿ.’ ನಿಮ್ಮ ಫೈಲು ಯಾರ ಮೇಜಿನ ಮೇಲೆ ಎಷ್ಟು ದಿನ ಮಲಗಿತ್ತು ಎಂಬುದು ಅವರದೇ ಕೈಬರಹದಲ್ಲಿ ಸಿಗುತ್ತದೆ. ಇದಕ್ಕಿಂತ ಒಳ್ಳೆಯ ಸಾಕ್ಷಿ ಇಲ್ಲ.

ಸಕಾಲ ಸೇವೆಯಾದರೆ ಜಿಎಸ್‌ಸಿ ನಂಬರ್ (ಅರ್ಜಿಯ ಸ್ವೀಕೃತಿ ಸಂಖ್ಯೆ) ಜೋಪಾನ. ಗಡುವು ಮೀರಿದರೆ ದಿನಕ್ಕೆ 20 ರೂಪಾಯಿ, ಗರಿಷ್ಠ 500 ರೂಪಾಯಿ ಪರಿಹಾರ ವೆಚ್ಚ ಕೇಳುವ ಹಕ್ಕು ನಿಮ್ಮದು. ಮೊತ್ತ ಚಿಕ್ಕದು. ಆದರೆ ವಿಳಂಬ ಆಯಿತು ಎಂಬುದು ದಾಖಲೆಗೆ ಬಂತಲ್ಲ, ಅದು ದೊಡ್ಡದು.

4. ಲಂಚ ಕೇಳಿದರೆ ಕೊಡುವ ಮುಂಚೆಯೇ ಹೇಳಿ

ನೇರ ಜಿಲ್ಲೆಯ ಲೋಕಾಯುಕ್ತ ಪೊಲೀಸ್ ಕಚೇರಿಗೆ ನಡೆಯಿರಿ. 2016ರಲ್ಲಿ ರಚಿಸಿದ ಭ್ರಷ್ಟಾಚಾರ ನಿಗ್ರಹ ದಳವನ್ನು (ಎಸಿಬಿ) ಹೈಕೋರ್ಟ್ 2022ರ ಆಗಸ್ಟ್ 11ರಂದು ರದ್ದು ಮಾಡಿ, ಅಧಿಕಾರವನ್ನು ಲೋಕಾಯುಕ್ತ ಪೊಲೀಸರಿಗೆ ಮರಳಿಸಿತು. ಆ ತೀರ್ಪು ಬಂದದ್ದೂ ವಕೀಲರು ಮತ್ತು ನಾಗರಿಕ ಸಂಘಟನೆ ಹೂಡಿದ ಅರ್ಜಿಗಳಿಂದಲೇ ಎಂಬುದನ್ನು ನೆನಪಿಡಿ.

ಟ್ರ್ಯಾಪ್ ಹೇಗೆ ನಡೆಯುತ್ತದೆ ಗೊತ್ತಿರಲಿ, ಧೈರ್ಯ ತಾನಾಗಿ ಬರುತ್ತದೆ. ಪಂಚರ ಮುಂದೆ ನೋಟುಗಳ ನಂಬರ್ ಬರೆದುಕೊಳ್ಳುತ್ತಾರೆ. ನೋಟಿಗೆ ಫಿನಾಲ್ಫ್ತಲೀನ್ ಪುಡಿ ಸವರುತ್ತಾರೆ. ಅಧಿಕಾರಿ ಹಣ ಮುಟ್ಟಿದ ಮೇಲೆ ಕೈಯನ್ನು ಸೋಡಿಯಂ ಕಾರ್ಬೋನೇಟ್ ದ್ರಾವಣದಲ್ಲಿ ತೊಳೆಸುತ್ತಾರೆ. ನೀರು ಗುಲಾಬಿ ಬಣ್ಣಕ್ಕೆ ತಿರುಗುತ್ತದೆ. ಆ ನೀರನ್ನು ಬಾಟಲಿಗೆ ತುಂಬಿ ಸೀಲ್ ಮಾಡಿ ಪ್ರಯೋಗಾಲಯಕ್ಕೆ ಕಳಿಸುತ್ತಾರೆ. ನಿಮ್ಮ ಕೆಲಸ ಒಂದೇ. ಹಣವನ್ನು ನೀವಾಗಿ ಕೊಡಬೇಡಿ, ಅವರು ಬಾಯಿಬಿಟ್ಟು ಕೇಳಿದ ಮೇಲೆ ಕೊಡಿ. ಬೇಡಿಕೆ ರುಜುವಾಗದಿದ್ದರೆ ಬರೀ ಬಣ್ಣದ ನೀರಿನಿಂದ ಶಿಕ್ಷೆ ಆಗದು.

ಆಗಲೇ ಕೊಟ್ಟುಬಿಟ್ಟಿದ್ದೀರಾ? ಭ್ರಷ್ಟಾಚಾರ ತಡೆ ಕಾಯ್ದೆಯ 2018ರ ತಿದ್ದುಪಡಿಯ ನಂತರ ಲಂಚ ಕೊಡುವುದೂ ಅಪರಾಧ. ಆದರೆ ಬಲವಂತದಿಂದ ಕೊಟ್ಟವರು ಏಳು ದಿನದೊಳಗೆ ಪೊಲೀಸರಿಗೆ ತಿಳಿಸಿದರೆ ಆ ಅಪರಾಧ ಅವರಿಗೆ ಅಂಟುವುದಿಲ್ಲ. ಎಂಟನೇ ದಿನದ ತನಕ ಕಾಯಬೇಡಿ.

ಫೋನಿನಲ್ಲಿ ರೆಕಾರ್ಡ್ ಮಾಡಿದ್ದರೆ ಮೂಲ ಫೈಲನ್ನು ಕತ್ತರಿಸಬೇಡಿ. ಫೋನ್ ಮಾರಬೇಡಿ, ಫಾರ್ಮ್ಯಾಟ್ ಮಾಡಬೇಡಿ, ವಾಟ್ಸ್‌ಆ್ಯಪ್ ಗ್ರೂಪಿಗೆ ಹಾಕಬೇಡಿ. ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಸೆಕ್ಷನ್ ಪ್ರಕಾರ ಹ್ಯಾಶ್ ವ್ಯಾಲ್ಯೂ (ಫೈಲಿನ ಡಿಜಿಟಲ್ ಗುರುತು) ನಮೂದಿಸಿದ ಪ್ರಮಾಣಪತ್ರ ಬೇಕು. ಅದಕ್ಕೆ ಮೂಲ ಸಾಧನ ಕೈಯಲ್ಲಿರಬೇಕು.

5. ಎಫ್‌ಐಆರ್ ಮಾಡಲಿಲ್ಲವೇ? ಮೆಟ್ಟಿಲು ಬಿಡದೆ ಹತ್ತಿ

ಸಂಜ್ಞೇಯ ಅಪರಾಧದ (ಪೊಲೀಸರು ವಾರಂಟ್ ಇಲ್ಲದೆ ಬಂಧಿಸಬಹುದಾದ ಅಪರಾಧ) ಮಾಹಿತಿ ಬಂದರೆ ಎಫ್‌ಐಆರ್ ದಾಖಲಿಸಲೇಬೇಕು ಎಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2013ರ ಲಲಿತಾ ಕುಮಾರಿ ತೀರ್ಪಿನಲ್ಲಿ ಹೇಳಿದೆ. ಭ್ರಷ್ಟಾಚಾರದಂಥ ಕೆಲವು ಪ್ರಕರಣಗಳಲ್ಲಿ ಮೊದಲು ಪ್ರಾಥಮಿಕ ವಿಚಾರಣೆಗೆ ಅವಕಾಶ ಇದೆ.

ಠಾಣೆ ಒಪ್ಪದಿದ್ದರೆ ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) 173(4)ರಂತೆ ಎಸ್‌ಪಿಗೆ ಅಂಚೆಯಲ್ಲಿ ದೂರು ಕಳಿಸಿ. ಅಲ್ಲೂ ಆಗದಿದ್ದರೆ ಮ್ಯಾಜಿಸ್ಟ್ರೇಟರಿಗೆ 175(3)ರಡಿ ಅರ್ಜಿ ಹಾಕಿ, ಜೊತೆಗೆ ಅಫಿಡವಿಟ್ ಇಡಿ. ಎಸ್‌ಪಿಗೆ ಬರೆದ ರಸೀದಿ ಇಲ್ಲದೆ ಹೋದರೆ ಅರ್ಜಿ ಅಲ್ಲೇ ಬಿದ್ದುಹೋಗುವ ಸಂಭವ ಹೆಚ್ಚು. ಆರೋಪಿ ಸರ್ಕಾರಿ ನೌಕರನಾಗಿದ್ದು, ಕರ್ತವ್ಯದ ವೇಳೆ ನಡೆದ ಆರೋಪವಾದರೆ ಮ್ಯಾಜಿಸ್ಟ್ರೇಟರು ಮೇಲಧಿಕಾರಿಯ ವರದಿ ಪಡೆದು, ಆ ನೌಕರನ ಹೇಳಿಕೆಯನ್ನೂ ಪರಿಗಣಿಸಬೇಕು. ಇದು ಹೊಸ ಕಾನೂನಿನ ಕ್ರಮ, ನಿಮ್ಮ ಸೋಲಲ್ಲ. ವಕೀಲರು ‘ಪಿಸಿಆರ್ ಹಾಕೋಣ’ ಎಂದರೆ ಖಾಸಗಿ ದೂರು ಎಂದರ್ಥ. ಅದು 223ನೇ ಸೆಕ್ಷನ್ನಿನ ದಾರಿ.

ಅತ್ಯಾಚಾರ, ಆ್ಯಸಿಡ್ ದಾಳಿಯಂಥ ದೂರನ್ನು ದಾಖಲಿಸಿಕೊಳ್ಳದ ಪೊಲೀಸ್ ಅಧಿಕಾರಿ ತಾನೇ ಆರೋಪಿಯಾಗುತ್ತಾನೆ. ಬಿಎನ್‌ಎಸ್ (ಭಾರತೀಯ ನ್ಯಾಯ ಸಂಹಿತೆ) 199ರಲ್ಲಿ ಕನಿಷ್ಠ ಆರು ತಿಂಗಳು, ಗರಿಷ್ಠ ಎರಡು ವರ್ಷ ಕಠಿಣ ಶಿಕ್ಷೆ ಇದೆ. ಅದಕ್ಕೆ ಸರ್ಕಾರದ ಅನುಮತಿಯೂ ಬೇಡ. ಈ ಸೆಕ್ಷನ್ನನ್ನು ದೂರಿನಲ್ಲೇ ಉಲ್ಲೇಖಿಸಿ.

6. ಠಾಣೆಯಲ್ಲಿ ಹೊಡೆದರೆ ಮೊದಲ ದಿನವನ್ನು ಕಳೆದುಕೊಳ್ಳಬೇಡಿ

ನಿಮ್ಮ ತಮ್ಮನನ್ನು ಪೊಲೀಸರು ಕರೆದುಕೊಂಡು ಹೋಗಿ 24 ಗಂಟೆ ದಾಟಿತೇ? ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಿಲ್ಲವೇ? ಹೈಕೋರ್ಟಿನಲ್ಲಿ ಹೇಬಿಯಸ್ ಕಾರ್ಪಸ್ (ಬಂಧಿತನನ್ನು ಹಾಜರುಪಡಿಸಿ ಎಂದು ಕೋರುವ ರಿಟ್) ಹಾಕಿ. ಬಂಧುವೇ ಹಾಕಬೇಕೆಂದಿಲ್ಲ, ಸ್ನೇಹಿತನೂ ಹಾಕಬಹುದು.

ಹೊಡೆತ ಬಿದ್ದಿದ್ದರೆ ಮೊದಲು ಸರ್ಕಾರಿ ಆಸ್ಪತ್ರೆಗೆ ಹೋಗಿ, ಎಂಎಲ್‌ಸಿ (ಮೆಡಿಕೊ ಲೀಗಲ್ ಕೇಸ್) ಮಾಡಿಸಿ. ಗಾಯ ಹೇಗಾಯಿತು ಎಂದು ವೈದ್ಯರು ಕೇಳಿದಾಗ ‘ಬಿದ್ದೆ’ ಎನ್ನಬೇಡಿ. ಯಾವ ಠಾಣೆ, ಯಾರು, ಯಾವುದರಿಂದ ಎಂಬುದನ್ನು ಹೇಳಿ, ಬರೆಸಿ. ಕಸ್ಟಡಿಯಲ್ಲಿದ್ದರೆ, ಕೋರ್ಟಿಗೆ ತಂದ ಕ್ಷಣ ಮ್ಯಾಜಿಸ್ಟ್ರೇಟರ ಮುಂದೆ ಗಟ್ಟಿಯಾಗಿ ಹೇಳಿ, ಆರ್ಡರ್ ಶೀಟಿನಲ್ಲಿ ದಾಖಲಿಸಲು ಕೋರಿ. ಪೊಲೀಸರು ಪಕ್ಕದಲ್ಲೇ ನಿಂತಿರುತ್ತಾರೆ, ನಿಜ. ಆದರೂ ಅಲ್ಲಿ ಮಾತಾಡಿ. ಆ ಕೋಣೆಯಲ್ಲಿ ಅವರ ಕೈ ನಡೆಯುವುದಿಲ್ಲ.

ಇನ್ನೊಂದು ಕೆಲಸವನ್ನು ಬಹಳ ಜನ ಮರೆಯುತ್ತಾರೆ. ಪ್ರತಿ ಠಾಣೆಯಲ್ಲೂ ಸಿಸಿಟಿವಿ ಇರಬೇಕು, ದೃಶ್ಯಗಳನ್ನು 18 ತಿಂಗಳು ಉಳಿಸಬೇಕು, ಆಗದಿದ್ದರೆ ಕನಿಷ್ಠ ಒಂದು ವರ್ಷ ಎಂದು ಸುಪ್ರೀಂ ಕೋರ್ಟ್ 2020ರ ಡಿಸೆಂಬರ್ 2ರ ಪರಮವೀರ್ ಸಿಂಗ್ ಸೈನಿ ಆದೇಶದಲ್ಲಿ ಹೇಳಿದೆ. ಮರುದಿನವೇ ಠಾಣಾಧಿಕಾರಿಗೂ ಎಸ್‌ಪಿಗೂ ಪತ್ರ ಬರೆಯಿರಿ: ‘ಇಂಥ ತಾರೀಖು ಸಂಜೆ 6ರಿಂದ ರಾತ್ರಿ 11ರವರೆಗಿನ ಮುಖ್ಯದ್ವಾರ, ಕಾರಿಡಾರ್, ಲಾಕಪ್ ಕ್ಯಾಮೆರಾ ದೃಶ್ಯಗಳನ್ನು ಅಳಿಸದೆ ಕಾಯ್ದಿರಿಸಿ.’ ಪತ್ರ ತಲುಪಿದ ಮೇಲೆ ದೃಶ್ಯ ಇಲ್ಲವೆಂದರೆ ಏಕಿಲ್ಲ ಎಂದು ಕೋರ್ಟಿಗೆ ಅವರೇ ವಿವರಿಸಬೇಕಾಗುತ್ತದೆ.

ರಾಜ್ಯ ಪೊಲೀಸ್ ದೂರು ಪ್ರಾಧಿಕಾರಕ್ಕೂ ಬರೆಯಿರಿ. ಮಾನವ ಹಕ್ಕು ಆಯೋಗಕ್ಕೆ ಹೋಗುವುದಾದರೆ ಘಟನೆಯಿಂದ ಒಂದು ವರ್ಷದೊಳಗೆ ಹೋಗಿ.

7. ‘ಸ್ಯಾಂಕ್ಷನ್’ ಎಂಬ ಗುಮ್ಮನಿಗೆ ಹೆದರಬೇಡಿ

ಸರ್ಕಾರಿ ನೌಕರರ ಮೇಲೆ ಕೇಸು ನಡೆಸಲು ಅನುಮತಿ ಬೇಕು, ಅದು ಎಂದೂ ಸಿಗದು ಎಂದು ಹೇಳಿ ಜನರನ್ನು ವಾಪಸ್ ಕಳಿಸುವುದು ಹಳೇ ರೂಢಿ. ಒಂದೊಂದಾಗಿ ಬಿಡಿಸಿ ನೋಡಿ.

ಬಿಎನ್‌ಎಸ್‌ಎಸ್ 218 (ಹಳೆಯ ಸಿಆರ್‌ಪಿಸಿ 197) ಎಲ್ಲ ನೌಕರರಿಗೂ ರಕ್ಷಣೆ ಕೊಡುವುದಿಲ್ಲ. ಸರ್ಕಾರದ ಮಂಜೂರಾತಿ ಇಲ್ಲದೆ ಹುದ್ದೆಯಿಂದ ತೆಗೆಯಲಾಗದವರಿಗೆ ಮಾತ್ರ. ಅದೂ ಕೃತ್ಯ ಕರ್ತವ್ಯಕ್ಕೆ ಸಂಬಂಧಿಸಿದ್ದರೆ ಮಾತ್ರ. ಅನುಮತಿ ಕೋರಿದ ಮೇಲೆ ಸರ್ಕಾರ 120 ದಿನದಲ್ಲಿ ತೀರ್ಮಾನಿಸಬೇಕು. ಸುಮ್ಮನಿದ್ದರೆ ಅನುಮತಿ ಕೊಟ್ಟಂತೆಯೇ. ಅರ್ಜಿ ತಲುಪಿದ ದಿನವನ್ನು ಕ್ಯಾಲೆಂಡರಿನಲ್ಲಿ ಗುರುತು ಮಾಡಿ. 121ನೇ ದಿನ ಕೋರ್ಟಿಗೆ ಮೆಮೊ ಹಾಕಿ.

ಕೃತ್ಯ ಕರ್ತವ್ಯದ್ದೋ ಅಲ್ಲವೋ? ನಮ್ಮ ರಾಜ್ಯದ್ದೇ ಒಂದು ಕೇಸು ಓದಿ. ಗ್ರಾಮ ಲೆಕ್ಕಿಗರೊಬ್ಬರು ಸುಳ್ಳು ಮರಣ ಪ್ರಮಾಣಪತ್ರ, ಸುಳ್ಳು ವಂಶವೃಕ್ಷ ಸೃಷ್ಟಿಸಿದ ಆರೋಪ ಅದರಲ್ಲಿತ್ತು. ಅನುಮತಿ ಇಲ್ಲ ಎಂಬ ಕಾರಣಕ್ಕೆ ಹೈಕೋರ್ಟ್ ಕೇಸು ರದ್ದು ಮಾಡಿತು. 2024ರ ಜನವರಿಯಲ್ಲಿ ಷಡಕ್ಷರಿ ವಿರುದ್ಧ ಕರ್ನಾಟಕ ರಾಜ್ಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಆ ಆದೇಶವನ್ನು ಬದಿಗೊತ್ತಿತು. ಸುಳ್ಳು ದಾಖಲೆ ಸೃಷ್ಟಿಸುವುದು ಯಾವ ನೌಕರನ ಕರ್ತವ್ಯವೂ ಅಲ್ಲ, ಅದಕ್ಕೆ ಅನುಮತಿಯ ರಕ್ಷಣೆ ಇಲ್ಲ ಎಂದಿತು. ಪಹಣಿ, ಪೌತಿ ಖಾತೆ, ವಂಶವೃಕ್ಷದ ಮೋಸಕ್ಕೆ ಸಿಕ್ಕಿದವರೆಲ್ಲ ಈ ತೀರ್ಪನ್ನು ವಕೀಲರ ಮುಂದೆ ಇಡಿ.

ಪೊಲೀಸರ ವಿಷಯದಲ್ಲಿ ಕರ್ನಾಟಕ ಪೊಲೀಸ್ ಕಾಯ್ದೆಯ 170ನೇ ಸೆಕ್ಷನ್ ಪ್ರತ್ಯೇಕ ತಡೆ. ಕರ್ತವ್ಯದ ಮಿತಿ ಮೀರಿದ ಕೃತ್ಯಕ್ಕೂ ಅನುಮತಿ ಬೇಕಾಗಬಹುದು ಎಂದು 2020ರ ದೇವರಾಜ ಪ್ರಕರಣದ ತೀರ್ಪು ಹೇಳುತ್ತದೆ. ಆದ್ದರಿಂದ ಪೊಲೀಸರ ಮೇಲಿನ ದೂರಿನಲ್ಲಿ, ಆ ಕೃತ್ಯಕ್ಕೂ ತನಿಖೆಗೂ ಸಂಬಂಧವೇ ಇರಲಿಲ್ಲ ಎಂಬ ಸಂಗತಿಗಳನ್ನು ಬಿಡಿಬಿಡಿಯಾಗಿ ಬರೆಯಿರಿ. ‘ಅಧಿಕಾರ ದುರುಪಯೋಗ’ ಎಂಬ ಒಂದೇ ಪದ ಸಾಲದು.

ಭ್ರಷ್ಟಾಚಾರದ ಕೇಸಾದರೆ ಭ್ರಷ್ಟಾಚಾರ ತಡೆ ಕಾಯ್ದೆಯ 19ನೇ ಸೆಕ್ಷನ್ನಿನ ಅನುಮತಿ ಬೇಕು. ಮೂರು ತಿಂಗಳು, ಕಾರಣ ಬರೆದು ಇನ್ನೊಂದು ತಿಂಗಳು, ಅಷ್ಟೇ ಕಾಲಾವಕಾಶ. ಖಾಸಗಿ ವ್ಯಕ್ತಿ ಮೊದಲು ಕೋರ್ಟಿನಲ್ಲಿ ದೂರು ಹೂಡಿ, ಕೋರ್ಟ್ ಸೂಚಿಸಿದ ಮೇಲೆ ಅನುಮತಿ ಕೇಳಬೇಕು. ಅಧಿಕಾರಿ ತೆಗೆದುಕೊಂಡ ತೀರ್ಮಾನದ ಮೇಲಿನ ಆರೋಪಕ್ಕೆ ತನಿಖೆಗೂ ಮುಂಚೆ 17ಎ ಅಡಿ ಒಪ್ಪಿಗೆ ಬೇಕು. ರೆಡ್‌ಹ್ಯಾಂಡ್ ಆಗಿ ಸಿಕ್ಕಿಬೀಳುವ ಟ್ರ್ಯಾಪ್ ಕೇಸಿಗೆ ಅದು ಬೇಡ. ಅನುಮತಿ ಕೊಡದೆ ಕಾಲ ಕಳೆದರೆ ದೂರುದಾರನೂ ಹೈಕೋರ್ಟಿಗೆ ಹೋಗಬಹುದು ಎಂದು 2022ರ ವಿಜಯ್ ರಾಜಮೋಹನ್ ತೀರ್ಪು ಸ್ಪಷ್ಟಪಡಿಸಿದೆ. ಹೋಗಿ.

8. ರಿಟ್ ಹಾಕುವಾಗ ಚಿಕ್ಕದಾಗಿ ಕೇಳಿ

‘ನನ್ನ ಈ ತಾರೀಖಿನ ಅರ್ಜಿಯನ್ನು ಇಷ್ಟು ವಾರದಲ್ಲಿ ಕಾನೂನಿನಂತೆ ಇತ್ಯರ್ಥ ಮಾಡಲು ನಿರ್ದೇಶಿಸಿ.’ ಇಂಥ ಕೋರಿಕೆಗೆ ಕೋರ್ಟ್ ಬೇಗ ಓಗೊಡುತ್ತದೆ. ಕೆಳಗೆ ಮೇಲ್ಮನವಿ ದಾರಿ ಇದ್ದರೆ ಮೊದಲು ಅಲ್ಲಿ ಹೋಗಿ ಬನ್ನಿ. ಮೂಲಭೂತ ಹಕ್ಕಿನ ಉಲ್ಲಂಘನೆ, ನಿಮ್ಮ ಮಾತು ಕೇಳದೆ ಹೊರಡಿಸಿದ ಆದೇಶ ಅಥವಾ ಅಧಿಕಾರವೇ ಇಲ್ಲದವರು ಮಾಡಿದ ಆದೇಶವಾದರೆ ನೇರ ಹೈಕೋರ್ಟಿಗೆ ಹೋಗಬಹುದು. 1998ರ ವರ್ಲ್‌ಪೂಲ್ ತೀರ್ಪು ಆ ಅವಕಾಶ ಕೊಟ್ಟಿದೆ. ಬೆಂಗಳೂರಿಗೇ ಓಡಬೇಕಿಲ್ಲ. ಬೆಳಗಾವಿ, ಬಾಗಲಕೋಟೆ, ಹಾವೇರಿ, ಉತ್ತರ ಕನ್ನಡ, ಬಳ್ಳಾರಿ ಕಡೆಯವರಿಗೆ ಧಾರವಾಡ ಪೀಠ ಇದೆ. ಬೀದರ್, ರಾಯಚೂರು, ಯಾದಗಿರಿ, ವಿಜಯಪುರದವರಿಗೆ ಕಲಬುರಗಿ ಪೀಠ.

ಊರಿಗೇ ಆದ ಅನ್ಯಾಯವಾದರೆ ಸಾರ್ವಜನಿಕ ಹಿತಾಸಕ್ತಿ ಅರ್ಜಿ. ಬಳ್ಳಾರಿಯ ಅಕ್ರಮ ಗಣಿಗಾರಿಕೆ ವಿರುದ್ಧ 2009ರಲ್ಲಿ ಸುಪ್ರೀಂ ಕೋರ್ಟಿಗೆ ಹೋದದ್ದು ಧಾರವಾಡದ ಸಮಾಜ ಪರಿವರ್ತನ ಸಮುದಾಯ. 2013ರ ಏಪ್ರಿಲ್‌ನಲ್ಲಿ ಅಕ್ರಮ ಅತಿ ಹೆಚ್ಚಿದ್ದ ‘ಸಿ’ ವರ್ಗದ ಗಣಿ ಗುತ್ತಿಗೆಗಳು ರದ್ದಾದವು. ಗಣಿ ಧಣಿಗಳ ಎದುರು ನಿಂತವರು ನಮ್ಮ ನಿಮ್ಮಂಥ ನಾಗರಿಕರೇ.

9. ಸ್ಪರ್ಧಾತ್ಮಕ ಪರೀಕ್ಷೆ ಬರೆಯುವವರು ಕೆಎಟಿ ದಾರಿ ತಿಳಿಯಿರಿ

ರಾಜ್ಯ ಸರ್ಕಾರಿ ಹುದ್ದೆಯ ನೇಮಕಾತಿ, ಬಡ್ತಿ, ಅಮಾನತಿನ ವ್ಯಾಜ್ಯ ಮೊದಲು ಹೋಗುವುದು ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ. ಅಂತಿಮ ಆದೇಶದಿಂದ ಒಂದು ವರ್ಷ ಗಡುವು. ಒಎಂಆರ್ ಕಾರ್ಬನ್ ಪ್ರತಿ, ಹಾಲ್ ಟಿಕೆಟ್, ಕೀ ಉತ್ತರಕ್ಕೆ ಸಲ್ಲಿಸಿದ ಆಕ್ಷೇಪಣೆಯ ಸ್ಕ್ರೀನ್‌ಶಾಟ್, ಯಾವುದನ್ನೂ ಎಸೆಯಬೇಡಿ. 2021ರ ಅಕ್ಟೋಬರ್‌ನಲ್ಲಿ ನಡೆದ 545 ಪಿಎಸ್‌ಐ ಹುದ್ದೆಗಳ ಪರೀಕ್ಷೆಯ ಅಕ್ರಮ ಬಯಲಾಗಿ, ಹಿರಿಯ ಪೊಲೀಸ್ ಅಧಿಕಾರಿಯೊಬ್ಬರೇ ಬಂಧನಕ್ಕೊಳಗಾದರು. ಸರ್ಕಾರ ನೇಮಕಾತಿ ರದ್ದು ಮಾಡಿತು. 2023ರ ನವೆಂಬರ್‌ನಲ್ಲಿ ಮರುಪರೀಕ್ಷೆಯನ್ನು ಹೈಕೋರ್ಟ್ ಎತ್ತಿಹಿಡಿಯಿತು. ಪ್ರಾಮಾಣಿಕವಾಗಿ ಓದಿ ಪಾಸಾಗಿದ್ದವರಿಗೂ ಅದರಿಂದ ಪೆಟ್ಟು ಬಿತ್ತು ಎಂಬುದು ನೋವಿನ ಮಾತು. ಅಕ್ರಮದ ಸುಳಿವು ಸಿಕ್ಕ ದಿನವೇ ದೂರು ಕೊಡಿ. ನೇಮಕಾತಿ ಆದೇಶ ಹೊರಟ ಮೇಲೆ ಬಿಡಿಸುವುದು ಕಷ್ಟ.

10. ಪರಿಹಾರ ಕೇಳಲು ಸಂಕೋಚ ಬೇಡ

ರುದುಲ್ ಶಾ 1968ರಲ್ಲೇ ಖುಲಾಸೆಯಾಗಿದ್ದರೂ ಬಿಹಾರದ ಜೈಲಿನಿಂದ ಹೊರಬಂದದ್ದು 1982ರಲ್ಲಿ. ಸುಪ್ರೀಂ ಕೋರ್ಟ್ 1983ರಲ್ಲಿ ಒಟ್ಟು 35,000 ರೂಪಾಯಿ ಪರಿಹಾರ ಕೊಡಿಸಿತು. ಒಡಿಶಾದ ನೀಲಾಬತಿ ಬೆಹೆರಾ ಎಂಬ ತಾಯಿ ಬರೆದ ಪತ್ರವನ್ನೇ ರಿಟ್ ಎಂದು ಪರಿಗಣಿಸಿ, ಕಸ್ಟಡಿಯಲ್ಲಿ ಸತ್ತ ಮಗನಿಗಾಗಿ 1993ರಲ್ಲಿ ಒಂದೂವರೆ ಲಕ್ಷ ರೂಪಾಯಿ ಕೊಡಿಸಿತು. ಲಖನೌ ಅಭಿವೃದ್ಧಿ ಪ್ರಾಧಿಕಾರದ ಕೇಸಿನಲ್ಲಿ ಇನ್ನೂ ಮುಂದೆ ಹೋಗಿ, ಅಧಿಕಾರಿಗಳ ಕಿರುಕುಳಕ್ಕೆ ತೆರಿಗೆದಾರರ ಹಣ ಏಕೆ ಹೋಗಬೇಕು, ಕಾರಣರಾದವರಿಂದಲೇ ವಸೂಲು ಮಾಡಿ ಎಂದಿತು. ನಿಮ್ಮ ಅರ್ಜಿಯಲ್ಲೂ ಆ ಕೋರಿಕೆಯನ್ನು ಪ್ರತ್ಯೇಕ ಸಾಲಾಗಿ ಸೇರಿಸಿ. ನಿವೇಶನ, ಫ್ಲ್ಯಾಟ್ ಹಂಚಿಕೆಯ ವಿಳಂಬವಾದರೆ ಗ್ರಾಹಕ ಆಯೋಗವೇ ಸಾಕು, ಎರಡು ವರ್ಷದೊಳಗೆ.

ಸಿವಿಲ್ ದಾವೆಗೆ ಮುಂಚೆ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) 80ರ ನೋಟಿಸ್ ಕೊಟ್ಟು ಎರಡು ತಿಂಗಳು ಕಾಯಬೇಕು. ಅಕ್ರಮ ಬಂಧನ, ದುರುದ್ದೇಶದ ಮೊಕದ್ದಮೆಗೆ ಪರಿಹಾರ ಕೇಳಲು ಒಂದೇ ವರ್ಷ ಗಡುವು. ನೋಟಿಸಿನ ಅವಧಿ ಆ ವರ್ಷದ ಲೆಕ್ಕಕ್ಕೆ ಸೇರುವುದಿಲ್ಲ. ಆದರೂ ಹನ್ನೊಂದನೇ ತಿಂಗಳವರೆಗೆ ಕೂರಬೇಡಿ.

11. ಲೋಕಾಯುಕ್ತ ದೂರನ್ನು ಜೊತೆಜೊತೆಗೆ ನಡೆಸಿ

ನಮೂನೆ 1ರಲ್ಲಿ ದೂರು, ನಮೂನೆ 2ರಲ್ಲಿ ಅಫಿಡವಿಟ್. ಕುಂದುಕೊರತೆಯಾದರೆ ತಿಳಿದ ಆರು ತಿಂಗಳೊಳಗೆ, ಆರೋಪವಾದರೆ ಕೃತ್ಯ ನಡೆದ ಐದು ವರ್ಷದೊಳಗೆ. ಲೋಕಾಯುಕ್ತರ ವರದಿ ಶಿಫಾರಸು ಮಾತ್ರ. ಆರೋಪದ ವರದಿ ಮೇಲೆ ಕೈಗೊಂಡ ಕ್ರಮವನ್ನು ಮೂರು ತಿಂಗಳಲ್ಲಿ ತಿಳಿಸಬೇಕಾದ್ದು ಸಕ್ಷಮ ಪ್ರಾಧಿಕಾರ. ತಿಳಿಸಿತೇ ಎಂದು ಆರ್‌ಟಿಐನಲ್ಲಿ ಕೇಳಿ. ಸುಳ್ಳು ದೂರಿಗೆ ಶಿಕ್ಷೆ ಇದೆ, ಆದ್ದರಿಂದ ಗೊತ್ತಿರುವಷ್ಟನ್ನೇ ಬರೆಯಿರಿ.

12. ಫೀಸಿಲ್ಲ ಎಂದು ಕೂರಬೇಡಿ

ಮಹಿಳೆಯರು, ಮಕ್ಕಳು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು, ಕೈಗಾರಿಕಾ ಕಾರ್ಮಿಕರು, ಕಸ್ಟಡಿಯಲ್ಲಿರುವವರಿಗೆ ಆದಾಯ ಎಷ್ಟೇ ಇರಲಿ ಉಚಿತ ವಕೀಲರು ಸಿಗುತ್ತಾರೆ. ಜಿಲ್ಲಾ ಕೋರ್ಟ್ ಆವರಣದ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ, ಇಲ್ಲವೇ 15100ಕ್ಕೆ ಕರೆ ಮಾಡಿ.

13. ಆದೇಶ ಸಿಕ್ಕ ಮೇಲೆ ಕೈಕಟ್ಟಿ ಕೂರಬೇಡಿ

ಆದೇಶದ ದೃಢೀಕೃತ ಪ್ರತಿಯನ್ನು ಅದೇ ವಾರ ಕಚೇರಿಗೆ ಮುಟ್ಟಿಸಿ. ಕೋರ್ಟ್ ಕೊಟ್ಟ ಕಾಲಾವಧಿ ಮುಗಿದರೂ ಕೆಲಸ ಆಗದಿದ್ದರೆ ನ್ಯಾಯಾಂಗ ನಿಂದನೆ ಅರ್ಜಿ ಹಾಕಿ. ಹೈಕೋರ್ಟಿನಲ್ಲಿ ಅದನ್ನು ಸಿಸಿಸಿ ಎನ್ನುತ್ತಾರೆ. ಉಲ್ಲಂಘನೆಯಾದ ದಿನದಿಂದ ಒಂದು ವರ್ಷದೊಳಗೆ ಹಾಕಬೇಕು. ಆರು ತಿಂಗಳವರೆಗೆ ಸಾದಾ ಸಜೆ, 2,000 ರೂಪಾಯಿವರೆಗೆ ದಂಡಕ್ಕೆ ಅವಕಾಶ ಇದೆ. ಇಲಾಖೆಯ ಹೆಸರಿನಲ್ಲಿ ಹಾಕಬೇಡಿ, ಆ ಹುದ್ದೆಯಲ್ಲಿರುವ ಅಧಿಕಾರಿಯ ಹೆಸರು ಹಾಕಿ. ಸ್ವಂತ ಹೆಸರಿಗೆ ನೋಟಿಸ್ ಬಂದರೆ ಕಡತ ಬೇಗ ಓಡುತ್ತದೆ. ಅವರು ಪಾಲನಾ ವರದಿ ಸಲ್ಲಿಸಿದಾಗ ಆದೇಶದ ಒಂದೊಂದು ಅಂಶವನ್ನೂ ಅದರ ಜೊತೆ ತಾಳೆ ನೋಡಿ. ಯಾವುದಾದರೂ ಉಳಿದಿದ್ದರೆ ಅರ್ಜಿ ಮುಕ್ತಾಯಗೊಳಿಸಲು ಒಪ್ಪಬೇಡಿ, ವಕೀಲರಿಗೆ ಹೇಳಿ ಇನ್ನೊಂದು ತಾರೀಖು ತೆಗೆದುಕೊಳ್ಳಿ.